ಮಣೂಕ ವಿಜಯಪುರದ್ದು, ಪೆಟ್ಟಿಗೆ ಮೇಲಿನ ಹೆಸರು ಯಾರದ್ದು?

ಮಡ್ಡಿಹೊಲ

ಇಂಡಿ ಲಿಂಬೆಗೆ 2023ರಲ್ಲಿ ಜಿಐ ಟ್ಯಾಗ್, ಅಂದರೆ ಊರಿನ ಹೆಸರಿಗೆ ಕಾನೂನಿನ ಗುರುತು, ಬಂತು. ನಮ್ಮ ಜಿಲ್ಲೆಯ ಬೆಳೆಯೊಂದಕ್ಕೆ ನಮ್ಮೂರಿನ ಹೆಸರೇ ಗಟ್ಟಿಯಾಯಿತಲ್ಲ ಅಂತ ಖುಷಿಪಟ್ಟವರಲ್ಲಿ ನಾನೂ ಒಬ್ಬ. ಆದರೆ ಅವತ್ತಿನಿಂದ ಒಂದು ಮಾತು ಮನಸ್ಸು ಕೊರೆಯುತ್ತಿದೆ. ವಿಜಯಪುರ ಜಿಲ್ಲೆಯ ಪಶ್ಚಿಮ ಭಾಗವನ್ನು ಬದಲಿಸಿದ್ದು ದ್ರಾಕ್ಷಿ. ರಾಜ್ಯದಲ್ಲಿ ನಮ್ಮಷ್ಟು ದ್ರಾಕ್ಷಿ ಬೆಳೆಯುವ ಜಿಲ್ಲೆ ಬೇರೆ ಇಲ್ಲ. ಆದರೂ ನಮ್ಮ ಮಣೂಕ, ಅಂದರೆ ಒಣದ್ರಾಕ್ಷಿ, ಊರು ಬಿಟ್ಟು ಹೊರಟಮೇಲೆ ಅದರ ಮೇಲೆ ವಿಜಯಪುರದ ಹೆಸರು ಕಾಣುವುದು ಅಪರೂಪ. ಇದರ ಬಗ್ಗೆ ಇಲ್ಲಿ ಎಲ್ಲರೂ ಮಾತಾಡಬೇಕು ಅನ್ನಿಸಿತು.

ಹೊರಗಿನವರಿಗೆ ಮೊದಲು ನಮ್ಮ ನೆಲದ ವಿಷಯ ಹೇಳುತ್ತೇನೆ. ತಿಕೋಟಾ, ಬಬಲೇಶ್ವರ ಕಡೆ ಎರಡು ಥರದ ಭೂಮಿ ಇದೆ. ಡೋಣಿ ನದಿ ಸಾಲಿನಲ್ಲಿ ಕಪ್ಪು ಎರೆ. ಎತ್ತರದ ಕಡೆ ಮಡ್ಡಿ. ಮಡ್ಡಿ ಅಂದರೆ ಮೇಲೆ ಗೇಣು ಮಣ್ಣು, ಕೆಳಗೆಲ್ಲ ಗರಸು, ಅಂದರೆ ಸಣ್ಣಕಲ್ಲಿನ ನೆಲ. ಹಿಂದೆ ಅಲ್ಲಿ ಹುರುಳಿ, ಸಜ್ಜೆ ಹಾಕಿ ಮಳೆಗೆ ಕಾಯುತ್ತಿದ್ದರು. ನಮ್ಮಲ್ಲಿ ಮಳೆ ವರ್ಷಕ್ಕೆ 600 ಮಿಲಿಮೀಟರ್ ಕೂಡ ಆಗುವುದಿಲ್ಲ, ಅದೂ ಹೇಳಿದ ಟೈಮಿಗೆ ಬರುವುದಿಲ್ಲ. ಅಣ್ತಮ್ಮಂದಿರು ಪಾಲಾಗುವಾಗ ಎರೆ ಹೊಲಕ್ಕೆ ಜಗಳ ಆಗುತ್ತಿತ್ತು. ಮಡ್ಡಿ ಬೇಕು ಅಂತ ಯಾರೂ ಕೇಳುತ್ತಿರಲಿಲ್ಲ.

ದ್ರಾಕ್ಷಿ ಈ ಲೆಕ್ಕವನ್ನೇ ತಿರುಗಿಸಿತು. ಎರೆಯಲ್ಲಿ ನೀರು ನಿಲ್ಲುತ್ತದೆ, ಬಳ್ಳಿಯ ಬೇರಿಗೆ ಉಸಿರು ಕಟ್ಟುತ್ತದೆ. ಗರಸಿನಲ್ಲಿ ನೀರು ಬಸಿದು ಹೋಗುತ್ತದೆ. ಹನಿ ನೀರಾವರಿಯಲ್ಲಿ ಬೇಕಾದಷ್ಟೇ ಕೊಡಬಹುದು. ಗಾಳಿ ಒಣ, ಬಿಸಿಲು ಖಡಕ್. ಯಾವುದನ್ನು ನಾವು ಬಂಜರು ಅಂತ ಬಿಟ್ಟಿದ್ದೆವೋ ಅದೇ ದ್ರಾಕ್ಷಿಗೆ ಒಳ್ಳೆಯ ಜಾಗವಾಯಿತು. ಈಗ ಮಡ್ಡಿಗೆ ಬರುವ ಬೆಲೆ ಕೇಳಿದರೆ ನಮ್ಮ ಅಜ್ಜ ನಂಬುತ್ತಿರಲಿಲ್ಲ.

ಕಲಿಸಿದವರು ಯಾರು? ಮಹಾರಾಷ್ಟ್ರದ ಸಾಂಗ್ಲಿ, ಸೋಲಾಪುರದವರು. ಇದನ್ನು ಮುಚ್ಚಿಡುವುದು ಬೇಡ. ನಮ್ಮ ತೋಟದ ತಳಿಗಳ ಹೆಸರು ನೋಡಿದರೆ ಸಾಕು. ತಾಸ್-ಎ-ಗಣೇಶ್ ತಾಸಗಾಂವ್ ತಾಲೂಕಿನಿಂದ ಬಂದದ್ದು. ಸೋನಾಕಾ, ಶರದ್ ಸೀಡ್‌ಲೆಸ್ ಎರಡೂ ಸೋಲಾಪುರದ ಹತ್ತಿರದ ನಾನ್ನಜ್ ಊರಿನವು. ಥಾಮ್ಸನ್‌ನಂಥ ಹಳೆಯ ತಳಿಗಳ ಬಳ್ಳಿಯಲ್ಲಿ ತಾನಾಗಿ ಬದಲಾದ ಕೊಂಬೆಯನ್ನು ಗುರುತಿಸಿ ಬೆಳೆಸಿದ ರೈತರು ಅವರು. ಅವರ ಕಣ್ಣಿಗೆ ನಾನು ಕೈ ಮುಗಿಯುತ್ತೇನೆ. ನಮ್ಮ ಕೆಲಸದ ಮಾತುಗಳೂ ಅಲ್ಲಿಂದಲೇ ಬಂದವು. ಬಳ್ಳಿ ಸವರುವುದಕ್ಕೆ ನಾವು ಇವತ್ತಿಗೂ ಚಾಟ್ನಿ ಅಂತಲೇ ಅನ್ನುತ್ತೇವೆ.

ಹಸಿ ದ್ರಾಕ್ಷಿ ಕೊಯ್ದರೆ ನಾಳೆಯೇ ಮಾರಬೇಕು. ವ್ಯಾಪಾರಿ ಹೇಳಿದ್ದೇ ರೇಟು. ಹಾಗಾಗಿ ನಮ್ಮಲ್ಲಿ ಹೆಚ್ಚಿನವರು ಮಣೂಕ ಮಾಡುವ ದಾರಿ ಹಿಡಿದರು. ಸುಮಾರು ನಾಲ್ಕು ಕಿಲೋ ಹಣ್ಣು ಒಣಗಿದರೆ ಒಂದು ಕಿಲೋ ಮಣೂಕ. ಕೋಲ್ಡ್ ಸ್ಟೋರೇಜಿನಲ್ಲಿಟ್ಟರೆ ತಿಂಗಳುಗಟ್ಟಲೆ ಕಾಯಬಹುದು. ಆದರೆ ಕೊನೆಗೆ ಲಿಲಾವಿಗೆ (ಹರಾಜಿಗೆ) ಹೋಗುವುದು ಬಹಳ ಸಲ ತಾಸಗಾಂವ್, ಸಾಂಗ್ಲಿಗೆ. ಅಲ್ಲಿ ಬೇರೆ ಮಾಲಿನ ಜೊತೆ ಸೇರಿ ಬೇರೆ ಪೆಟ್ಟಿಗೆಗೆ ಹೋಗುತ್ತದೆ. ಸಾಂಗ್ಲಿ ಒಣದ್ರಾಕ್ಷಿಗೆ 2016ರಲ್ಲೇ ಜಿಐ ಇದೆ. ಅದು ಅವರ ಶ್ರಮ, ಅವರ ಹಕ್ಕು. ನಮ್ಮ ಶ್ರಮಕ್ಕೂ ಒಂದು ಹೆಸರು ಬೇಡವೇ?

ಗುಮ್ಮಟನಗರಿ

ಒಳ್ಳೆಯ ವಿಷಯ ಎತ್ತಿದ್ದೀರಿ ಸರ್. ನಾನು ನಗರದಲ್ಲಿ ಶಾಲಾ ಮಾಸ್ತರನಾಗಿದ್ದವನು. ವಿಜಯಪುರ ಅಂದರೆ ಹೊರಗಿನವರಿಗೆ ಎರಡೇ ನೆನಪು. ಒಂದು ಗೋಳಗುಮ್ಮಟ, ಇನ್ನೊಂದು ಬರ. 1972ರ ಬರದಲ್ಲಿ ನಮ್ಮ ಮಂದಿ ಕಲ್ಲು ಒಡೆಯುವ ಕಾಮಗಾರಿಗೆ ಸಾಲುಗಟ್ಟಿ ನಿಂತದ್ದನ್ನು ಕಣ್ಣಾರೆ ಕಂಡಿದ್ದೇನೆ. ಗಂಜಿ ಕೇಂದ್ರದ ಮುಂದೆ ತಾಟು ಹಿಡಿದ ಮಕ್ಕಳಲ್ಲಿ ನನ್ನ ವಾರಿಗೆಯವರೂ ಇದ್ದರು. ಆಮೇಲೂ ಎಷ್ಟೋ ವರ್ಷ ಸುಗ್ಗಿ ಮುಗಿದ ಕೂಡಲೇ ಗುಳೆ. ಗೋವಾ, ಮಂಗಳೂರು, ಮುಂಬೈ. ಜನವರಿ ದಾಟಿದರೆ ನನ್ನ ಕ್ಲಾಸಿನ ಹಾಜರಿ ಪುಸ್ತಕದಲ್ಲಿ ಅರ್ಧ ಹೆಸರಿನ ಮುಂದೆ ಗೈರು. ಅಪ್ಪ ಅವ್ವನ ಜೊತೆ ಮಕ್ಕಳೂ ಹೊರಟುಬಿಡುತ್ತಿದ್ದರು.

ಆಮೇಲೆ ತಿಕೋಟಾ ಕಡೆಯ ಶಾಲೆಗೆ ವರ್ಗವಾಯಿತು. ಅಲ್ಲಿ ಫೆಬ್ರವರಿ, ಮಾರ್ಚ್ ತಿಂಗಳಲ್ಲೂ ಮಕ್ಕಳು ಬರುತ್ತಿದ್ದರು. ಮೊದಮೊದಲು ನನಗೆ ಕಾರಣ ಹೊಳೆಯಲಿಲ್ಲ. ದ್ರಾಕ್ಷಿ ಕೊಯ್ಲು, ಒಣಗಿಸುವ ಶೆಡ್ಡಿನ ಕೆಲಸ ಅದೇ ತಿಂಗಳಲ್ಲಿ. ಬೇರೆ ಕಡೆ ಗುಳೆ ಹೋಗುವ ಹೊತ್ತಿಗೆ ಇಲ್ಲಿ ಊರಲ್ಲೇ ಕೆಲಸ. ಒಂದು ಬೆಳೆ ಶಾಲೆಯ ಹಾಜರಿಯನ್ನು ಹೀಗೆ ಬದಲಿಸುತ್ತದೆ ಅಂತ ನಾನು ಯಾವ ಪಾಠದಲ್ಲೂ ಓದಿರಲಿಲ್ಲ.

ಎರೆಹೊಲ

ಎಲ್ಲ ಸರಿ ಅಣ್ಣಾರ. ಆದರೆ ದ್ರಾಕ್ಷಿ ಬರುವ ಮೊದಲು ಈ ನಾಡಿಗೆ ಏನೂ ಇರಲಿಲ್ಲ ಅನ್ನುವ ಧಾಟಿ ನನಗೆ ಒಪ್ಪಿಗೆ ಇಲ್ಲ. "ಡೋಣಿ ಬೆಳೆದರೆ ಓಣೆಲ್ಲ ಜೋಳ" ಅನ್ನುವ ಮಾತು ಯಾವ ನಾಡಿನದು? ಹಿಂಗಾರಿ ಬಿಳಿಜೋಳ, ಕಡಲೆ, ಕುಸುಬಿ. ನೀರೇ ಇಲ್ಲದೆ ಬರೀ ಎರೆಯ ಹಸಿಯಲ್ಲಿ, ಚಳಿಗಾಲದ ಇಬ್ಬನಿಯಲ್ಲಿ ಬೆಳೆ ತೆಗೆಯುವ ವಿದ್ಯೆ ನಮ್ಮವರದು. ಒಣಬೇಸಾಯದ ಸಂಶೋಧನಾ ಕೇಂದ್ರ ವಿಜಯಪುರಕ್ಕೆ 1930ರ ದಶಕದಲ್ಲೇ ಬಂದದ್ದು ಸುಮ್ನೆ ಅಲ್ಲ.

ಇನ್ನೊಂದು ಮಾತು. ಕಾಲುವೆ ನೀರು ಬರುವ ಮೊದಲು ದ್ರಾಕ್ಷಿ ಬದುಕಿದ್ದು ಬೋರ್‌ವೆಲ್ ಮೇಲೆ. ಒಬ್ಬರು ಐದು ಬೋರ್ ಕೊರೆಸಿದರು, ಪಕ್ಕದವರ ಬಾವಿ ಬತ್ತಿತು. ಬರದ ವರ್ಷದಲ್ಲಿ ಕುಡಿಯುವ ನೀರಿಗೆ ಹೆಂಗಸರು ಕೊಡ ಹಿಡಿದು ನಿಂತಿರುವಾಗ, ಅದೇ ರಸ್ತೆಯಲ್ಲಿ ದ್ರಾಕ್ಷಿ ತೋಟಕ್ಕೆ ಟ್ಯಾಂಕರ್ ಓಡುತ್ತಿತ್ತು. ಬಳ್ಳಿ ಸತ್ತರೆ ಸಾಲ ತೀರುವುದಿಲ್ಲ, ಅದು ನನಗೂ ಅರ್ಥ ಆಗುತ್ತದೆ. ಆದರೆ ಹೆಸರಿನ ಕಥೆ ಹೇಳುವಾಗ ಇದನ್ನೂ ಹೇಳಬೇಕು.

ಮಡ್ಡಿಹೊಲ

@ಎರೆಹೊಲ, ಹೇಳಲೇಬೇಕು. ನಮ್ಮ ಮನೆಯ ಭಾಕರಿ ಇವತ್ತಿಗೂ ಎರೆ ಹೊಲದ ಜೋಳದ್ದೇ. ಟ್ಯಾಂಕರ್ ಮಾತು ನಿಜ. ಒಂದು ಎಕರೆಗೆ ಒಂಬತ್ತು ಅಡಿ ಸಾಲು, ಐದು ಅಡಿ ಗಿಡ ಅಂತ ಹಿಡಿದರೆ 968 ಬಳ್ಳಿ. ಒಂದೊಂದರ ಬುಡಕ್ಕೂ ಟ್ಯಾಂಕರ್ ನೀರು ಹನಿ ಪೈಪಿನಲ್ಲಿ ಬಿಟ್ಟವರು ನಾವು. ತೋಟ ಉಳಿಯಿತು, ಆ ವರ್ಷದ ಲಾಭ ಉಳಿಯಲಿಲ್ಲ. ಬೇಸಿಗೆಯಲ್ಲಿ ನೀರು ಜಾಸ್ತಿ ಬೇಕಾಗುವುದು ಏಪ್ರಿಲ್ ಚಾಟ್ನಿಯ ಹೊತ್ತಿಗೇ. ಆಗ ಬರುವ ಕಡ್ಡಿಯ ಒಳಗೇ ಮುಂದಿನ ವರ್ಷದ ಗೊಂಚಲು ಕಟ್ಟುತ್ತದೆ. ಮೇ, ಜೂನ್‌ನಲ್ಲಿ ಒಣಗಿಸಿದರೆ ಅಕ್ಟೋಬರ್ ಚಾಟ್ನಿ ಮಾಡಿದಾಗ ಬರೀ ಎಲೆ ಬರುತ್ತದೆ, ಕಾಯಿ ಇಲ್ಲ. ಹಾಗಾಗಿ ಮುಂದೂಡುವ ಹಾಗೆಯೇ ಇರಲಿಲ್ಲ.

ಬ್ಯಾಂಕ್‌ಕಿಟಕಿ

ಇಪ್ಪತ್ತು ವರ್ಷಕ್ಕೂ ಮೇಲೆ ಈ ಭಾಗದಲ್ಲಿ ಕೃಷಿ ಸಾಲ ನೋಡಿಕೊಂಡವನು ನಾನು. ದ್ರಾಕ್ಷಿಯಿಂದ ಶ್ರೀಮಂತಿಕೆ ಬಂತು ಅನ್ನುವವರು ಖರ್ಚಿನ ಕಡೆಯೂ ನೋಡಬೇಕು. ಕಬ್ಬಿಣದ ಆ್ಯಂಗಲ್, ತಂತಿ, ಹನಿ ಪೈಪು, ಡಾಗ್ರಿಜ್ ಬೇರುಗಿಡ, ಅದಕ್ಕೆ ಕಸಿ. ಗಿಡ ಹಚ್ಚಿ ಹಣ್ಣು ನೋಡುವ ಮೊದಲೇ ಎಕರೆಗೆ ಲಕ್ಷಗಟ್ಟಲೆ ನೆಲಕ್ಕೆ ಹಾಕಿರಬೇಕು. ಡಾಗ್ರಿಜ್ ಯಾಕೆ ಅಂತ ಕೇಳುವವರಿಗೆ: ನಮ್ಮ ಕಡೆಯ ನೀರು, ಮಣ್ಣು ಸವಳು. ಡೋಣಿ ನೀರಂತೂ ಬಾಯಿಗೆ ಹಾಕಲಾಗದು. ಸ್ವಂತ ಬೇರಿನ ಥಾಮ್ಸನ್ ಉಪ್ಪಿಗೆ ಎಲೆ ಸುಟ್ಟುಕೊಂಡು ಸೊರಗುತ್ತದೆ. ಕಾಡು ಜಾತಿಯ ಡಾಗ್ರಿಜ್ ಬೇರು ಉಪ್ಪನ್ನೂ ತಡೆಯುತ್ತದೆ, ನೀರಿನ ಕೊರತೆಯನ್ನೂ ತಡೆಯುತ್ತದೆ. ಆ ಬೇರು ಸಿಗದಿದ್ದರೆ ಈ ಜಿಲ್ಲೆಯಲ್ಲಿ ದ್ರಾಕ್ಷಿ ಇಷ್ಟು ಹರಡುತ್ತಿರಲಿಲ್ಲ ಅನ್ನುವುದು ನನ್ನ ಅಭಿಪ್ರಾಯ.

ಮೂರು ಒಳ್ಳೆಯ ವರ್ಷ ಬಂದರೆ ರೈತ ಮನೆ ಕಟ್ಟಿಸುತ್ತಾನೆ, ಮಗಳ ಮದುವೆ ಮಾಡುತ್ತಾನೆ, ಇನ್ನೆರಡು ಎಕರೆ ಹಚ್ಚುತ್ತಾನೆ. ನಾಲ್ಕನೆಯ ವರ್ಷ ಅಕ್ಟೋಬರ್ ಚಾಟ್ನಿ ಆಗಿ ಚಿಗುರು ಒಡೆದ ಮೇಲೆ ಮಳೆ ಹಿಡಿದರೆ ಡೌನಿ ರೋಗ. ಎರಡು ದಿನದಲ್ಲಿ ಹೂಗೊಂಚಲು ಕಂದು ಬಣ್ಣಕ್ಕೆ ತಿರುಗಿ ಉದುರುತ್ತದೆ. 2009ರ ಅಕ್ಟೋಬರ್ ಮೊದಲ ವಾರದ ಮಳೆ ಉತ್ತರ ಕರ್ನಾಟಕವನ್ನೇ ಮುಳುಗಿಸಿದ್ದು ಎಲ್ಲರಿಗೂ ನೆನಪಿದೆ. ದ್ರಾಕ್ಷಿಯವರಿಗೆ ಅದು ಎರಡು ಏಟು. ಬೆಳಿಗ್ಗೆ ಒಂದು ಔಷಧ, ಸಂಜೆ ಒಂದು ಔಷಧ ಹೊಡೆದು, ಆಮೇಲೆ ಆ ಔಷಧದ ಅಂಗಡಿಯ ಉದ್ದರಿ ತೀರಿಸಲಾಗದೆ ನನ್ನ ಟೇಬಲ್ ಮುಂದೆ ಕೂತವರ ಮುಖ ನಾನು ಮರೆತಿಲ್ಲ.

ಮಣೂಕದ ವಿಷಯದಲ್ಲಿ ಒಂದು ಮಾತು. ಕಾಯಬಹುದು ಅನ್ನುತ್ತೀರಿ. ಯಾರು ಕಾಯಬಹುದು? ಸಾಲ ಇಲ್ಲದವನು ಕಾಯಬಹುದು. ಏಪ್ರಿಲ್ ಚಾಟ್ನಿಗೆ, ಗೊಬ್ಬರಕ್ಕೆ ಕೈಯಲ್ಲಿ ರೊಕ್ಕ ಇಲ್ಲದವನು ಸೀಜನ್‌ನಲ್ಲೇ, ರೇಟು ಬಿದ್ದಾಗಲೇ ಕೊಡುತ್ತಾನೆ. ಹೆಸರಿಗಿಂತ ಮೊದಲು ಈ ಕಾಯುವ ಶಕ್ತಿ ಬೇಕು.

ಕೊಲ್ಹಾರದವ

ನೀರಿನ ಮಾತು ಬಂತಲ್ಲ, ನಾನೂ ಬರೆಯುತ್ತೇನೆ. ಕೃಷ್ಣಾ ಮೇಲ್ದಂಡೆ ಯೋಜನೆಗೆ 1964ರಲ್ಲಿ ಲಾಲ್ ಬಹದ್ದೂರ್ ಶಾಸ್ತ್ರಿ ಅಡಿಗಲ್ಲು ಹಾಕಿದರು. ಆಲಮಟ್ಟಿ ತುಂಬುವ ಹೊತ್ತಿಗೆ ನಮ್ಮ ಮನೆಯಲ್ಲಿ ಎರಡು ತಲೆಮಾರು ದಾಟಿತ್ತು. ನಮ್ಮ ಹಳೆಯ ಕೊಲ್ಹಾರ ಮುಳುಗಿತು. ಹೊಳೆದಂಡೆಯ ಹೊಲ, ಕಟ್ಟೆ, ಗುಡಿ, ಓಣಿ ಹೋದವು. ಈಗ ಮುಳವಾಡ ಏತ ನೀರಾವರಿಯಲ್ಲಿ ಅದೇ ಹಿನ್ನೀರು ಮೇಲೆ ಏರಿ ನಿಮ್ಮ ಕಡೆ ಕೆರೆ ತುಂಬುತ್ತದೆ. ನಿಮ್ಮ ತೋಟ ಹಸಿರಾದರೆ ನನಗೆ ಸಂಕಟ ಇಲ್ಲ, ಸಂತೋಷವೇ. ಮುಳುಗಿದ ನೆಲಕ್ಕೆ ಅಷ್ಟಾದರೂ ಅರ್ಥ ಬರಲಿ. ಆದರೆ ವಿಜಯಪುರದ ದ್ರಾಕ್ಷಿಯ ಚರಿತ್ರೆ ಯಾರಾದರೂ ಬರೆದರೆ ಮುಳುಗಡೆಯವರಿಗೆ ಅದರಲ್ಲಿ ಒಂದು ಅಧ್ಯಾಯ ಇರಬೇಕು. ಹೊಸ ಊರಿನಲ್ಲಿ ನಮಗೆ ಸಿಕ್ಕ ಸೈಟಿನಲ್ಲಿ ಎಮ್ಮೆ ಕಟ್ಟುವ ಜಾಗಕ್ಕೂ ಪರದಾಡಿದೆವು. ಕೊಲ್ಹಾರದ ಗಟ್ಟಿ ಮೊಸರು ಅದರ ಮೇಲೂ ಉಳಿದದ್ದು ನಮ್ಮ ಹೆಂಗಸರ ಛಲದಿಂದ.

ಗುಮ್ಮಟನಗರಿ

@ಕೊಲ್ಹಾರದವ, ನೀವು ಬರೆದದ್ದು ಓದಿ ಮನಸ್ಸು ಭಾರವಾಯಿತು. ಕೆರೆ ತುಂಬುವ ಕೆಲಸ ವೇಗ ಪಡೆದದ್ದು 2013ರಿಂದ 2018ರ ನಡುವೆ. ಆಗ ಜಲಸಂಪನ್ಮೂಲ ಸಚಿವರಾಗಿದ್ದ ಎಂ.ಬಿ. ಪಾಟೀಲರು ಬಬಲೇಶ್ವರ ಕ್ಷೇತ್ರದವರೇ. ಅವರಿಗೆ ಸಲ್ಲಬೇಕಾದದ್ದು ಸಲ್ಲಲಿ. ಆದರೆ ಅದಕ್ಕೂ ದಶಕಗಳ ಮೊದಲು ಬೋರ್ ನೀರಿನಲ್ಲಿ, ಸಾಲದಲ್ಲಿ ದ್ರಾಕ್ಷಿ ಹಚ್ಚಿ ತೋರಿಸಿದ ರೈತರನ್ನು ಬಿಟ್ಟು ಕಥೆ ಶುರು ಮಾಡಬಾರದು. ಊರೂರಿನ ಮಂದಿ ಹೋರಾಟ ಮಾಡಿ ನೀರು ಕೇಳಿದ್ದನ್ನೂ ಬಿಡಬಾರದು.

ಜತ್ತಿನಹುಡುಗ

ನಮಸ್ಕಾರ ರೀ. ನಾನು ಜತ್ ತಾಲೂಕಿನವನು. ಮಹಾರಾಷ್ಟ್ರ, ಸಾಂಗ್ಲಿ ಜಿಲ್ಲೆ. ಮನೆ ಮಾತು ಕನ್ನಡ, ಕಲಿತದ್ದು ಕನ್ನಡ ಶಾಲೆಯಲ್ಲಿ. ನಮ್ಮ ತೋಟದಿಂದ ತಿಕೋಟಾ ಗಡಿ ಬೈಕಿನಲ್ಲಿ ಸ್ವಲ್ಪ ಹೊತ್ತಿನ ದಾರಿ. ಅದೇ ಗರಸು, ಅದೇ ಗಾಳಿ, ಅದೇ ತಳಿ. ನಾವು ಮಾಡಿದ್ದು ಸಾಂಗ್ಲಿ ಒಣದ್ರಾಕ್ಷಿ, ನೀವು ಮಾಡಿದ್ದಕ್ಕೆ ಹೆಸರಿಲ್ಲ. ಮತ್ತೊಂದು ಕಡೆ ನೋಡಿದರೆ, ನಿಮಗೆ ತುಬಚಿ-ಬಬಲೇಶ್ವರ ಏತ ನೀರಾವರಿಯ ನೀರು ಬಂದಾಗ ನಾವು ಬರೀ ನೋಡುತ್ತಾ ಕೂತಿದ್ದೆವು. 2022ರಲ್ಲಿ ಜತ್ತಿನ ಹಳ್ಳಿಗಳು ಕರ್ನಾಟಕಕ್ಕೆ ಸೇರುತ್ತೇವೆ ಅಂದ ಸುದ್ದಿ ದೊಡ್ಡದಾಯಿತಲ್ಲ, ಅದರ ಬುಡದಲ್ಲಿ ಇದ್ದದ್ದು ನೀರೇ.

ಹೇಳಬೇಕೆಂದದ್ದು ಇಷ್ಟು. ಹೆಸರಿಗಾಗಿ ಸಾಂಗ್ಲಿ-ವಿಜಯಪುರ ಅಂತ ಜಗಳ ಹಚ್ಚಬೇಡಿ. ಎರಡೂ ಕಡೆಯ ರೈತರಿಗೆ ಪೆಟ್ಟು ಕೊಡುತ್ತಿರುವುದು ಬೇರೆ. ಹೊರದೇಶದ ಅಗ್ಗದ ಒಣದ್ರಾಕ್ಷಿ ಅಡ್ಡದಾರಿಯಲ್ಲಿ ಬರುತ್ತಿದೆ ಅಂತ ಎರಡೂ ಕಡೆಯ ಬೆಳೆಗಾರರು ದೂರುತ್ತಿದ್ದಾರೆ. ಅದಕ್ಕೆ ಒಟ್ಟಿಗೆ ನಿಲ್ಲಬೇಕು.

ಮಡ್ಡಿಹೊಲ

@ಜತ್ತಿನಹುಡುಗ, ಜಗಳ ಖಂಡಿತ ಬೇಡ ತಮ್ಮಾ. ನಮ್ಮ ಬೀಗರು ನಿಮ್ಮ ಕಡೆಯವರೇ. ನನಗೆ ಬೇಸರ ಆಗುವುದು ಬೇರೆ ಕಾರಣಕ್ಕೆ. ಲಿಲಾವು ಕಟ್ಟೆಯಲ್ಲಿ ನಿಂತು ನೋಡಿದ್ದೀಯಲ್ಲ? ಹದಿನೈದು ಕಿಲೋ ಪೆಟ್ಟಿಗೆ ಬಿಚ್ಚುತ್ತಾರೆ. ಖರೀದಿದಾರರು ಮುಷ್ಟಿ ಮುಷ್ಟಿ ಎತ್ತಿ ನೋಡುತ್ತಾರೆ, ಮೂಗಿಗೆ ಹಿಡಿಯುತ್ತಾರೆ, ಎರಡು ಬಾಯಿಗೆ ಹಾಕುತ್ತಾರೆ, ಉಳಿದದ್ದನ್ನು ಹಾಗೇ ಚೆಲ್ಲುತ್ತಾರೆ. ನೆಲದ ಮೇಲೆ ಬಿದ್ದ ಮಣೂಕದ ಮೇಲೆ ಚಪ್ಪಲಿ ಓಡಾಡುತ್ತವೆ. ಒಂದು ವರ್ಷ ಮಗುವಿನ ಹಾಗೆ ನೋಡಿಕೊಂಡದ್ದು ಅದು. ಆಮೇಲೆ ಕೈ ಮೇಲೆ ವಸ್ತ್ರ ಹಾಕಿಯೋ, ಕೂಗಿಯೋ ಒಂದು ರೇಟು. ಎಲ್ಲಿಯ ಮಾಲು, ಯಾವ ನೆಲದ್ದು, ಯಾರು ಒಣಗಿಸಿದ್ದು ಅಂತ ಅಲ್ಲಿ ಯಾರೂ ಕೇಳುವುದಿಲ್ಲ. ಹಸಿರೋ ಹಳದಿಯೋ, ದಪ್ಪವೋ ಸಣ್ಣವೋ, ಅಷ್ಟೇ.

ಶೆಡ್ಡಿನಮನೆ

ನಾನು ಇಲ್ಲಿ ಓದುವುದು ಜಾಸ್ತಿ, ಬರೆಯುವುದು ಕಡಿಮೆ. ಯಾರು ಒಣಗಿಸಿದ್ದು ಅಂತ ಯಾರೂ ಕೇಳುವುದಿಲ್ಲ ಅಂದಿರಿ ಕಾಕಾ. ಆ ಮಾತಿಗೆ ಬರೆಯುತ್ತಿದ್ದೇನೆ. ನಮ್ಮವ್ವ ಶೆಡ್ಡಿನಲ್ಲಿ ಕೆಲಸ ಮಾಡಿದವಳು, ರಜೆಯಲ್ಲಿ ನಾನೂ ಮಾಡಿದ್ದೇನೆ.

ಬೆಳಿಗ್ಗೆ ಕೊಯ್ದ ಗೊಂಚಲು ಕ್ರೇಟಿನಲ್ಲಿ ಬರುತ್ತದೆ. ದೊಡ್ಡ ಟಾಕಿಯಲ್ಲಿ ನೀರು, ಅದರಲ್ಲಿ ಪೊಟ್ಯಾಸಿಯಂ ಕಾರ್ಬೊನೇಟ್ ಪುಡಿ ಮತ್ತು ಡಿಪ್ಪಿಂಗ್ ಆಯಿಲ್. ಕ್ರೇಟನ್ನು ಅದರಲ್ಲಿ ಎರಡು-ಮೂರು ನಿಮಿಷ ಅದ್ದಬೇಕು. ಹಣ್ಣಿನ ಮೇಲೆ ಬೂದಿ ಬಣ್ಣದ ಮೇಣದ ಪೊರೆ ಇರುತ್ತದಲ್ಲ, ಅದು ಸಡಿಲವಾಗಿ ಒಳಗಿನ ನೀರು ಬೇಗ ಹೊರಗೆ ಬರುತ್ತದೆ. ಬಿಸಿಲಿಗೆ ಹಾಗೇ ಒಣಗಿಸಿದರೆ ಕಪ್ಪಾಗುತ್ತದೆ, ದಿನವೂ ಜಾಸ್ತಿ ಹಿಡಿಯುತ್ತದೆ. ಅದ್ದಿ ನೆರಳಿನ ರ‍್ಯಾಕಿನಲ್ಲಿ ಹರಡಿದರೆ ಎರಡು ವಾರದ ಆಸುಪಾಸಿನಲ್ಲಿ ಹಸಿರು ಬಣ್ಣ ಉಳಿಸಿಕೊಂಡು ಒಣಗುತ್ತದೆ. ರ‍್ಯಾಕ್ ಅಂದರೆ ಒಂದರ ಮೇಲೊಂದು ಹತ್ತು-ಹನ್ನೆರಡು ಅಂತಸ್ತಿನ ಬಲೆ. ಮೇಲಿನ ಅಂತಸ್ತಿಗೆ ಹಗೂರ ಹುಡುಗಿಯರನ್ನು ಹತ್ತಿಸುತ್ತಾರೆ. ಗೊಂಚಲನ್ನು ಒಂದರ ಮೇಲೊಂದು ಬೀಳದ ಹಾಗೆ ಹರಡಬೇಕು, ಬಿದ್ದರೆ ಅಲ್ಲೇ ಬೂಸ್ಟು. ಗಂಧಕದ ಹೊಗೆ ಕೊಡುವ ದಿನ ಕಣ್ಣು ಉರಿಯುತ್ತದೆ, ಗಂಟಲು ಹಿಡಿಯುತ್ತದೆ. ಕೈ ಚರ್ಮ ಆ ನೀರಿಗೆ ಸುಲಿಯುತ್ತದೆ. ಕೆಲವು ಮಾಲೀಕರು ಕೈಗವಸು ಕೊಡುತ್ತಾರೆ, ಕೆಲವರು ಕೊಡುವುದಿಲ್ಲ.

ಮಾರ್ಚ್‌ನಲ್ಲಿ ಅಕಾಲ ಮಳೆ ಮೋಡ ಕಂಡರೆ ನಡುರಾತ್ರಿ ಕರೆ ಬರುತ್ತದೆ. ತಾಡಪತ್ರಿ ಎಳೆದು ಕಟ್ಟಲು ಇಡೀ ಓಣಿ ಓಡುತ್ತದೆ. ಒಂದು ಸಲ ಒದ್ದೆಯಾದರೆ ಬಣ್ಣ ಹೋಯಿತು, ರೇಟು ಹೋಯಿತು. ಮಾಲೀಕರಿಗೆ ನಷ್ಟವಾದ ವರ್ಷ ನಮ್ಮ ಕೂಲಿಯೂ ತಡ.

ಗುಳೆ ನಿಂತದ್ದು ನಿಜ ಸರ್, ನಮ್ಮ ಮನೆಯಲ್ಲೇ ನಿಂತಿತು. ನಾನು ಡಿಗ್ರಿ ಮುಗಿಸಿದ್ದು ಅದರಿಂದಲೇ. ಚಾಟ್ನಿ ಗ್ಯಾಂಗಿನಲ್ಲಿ, ಗೊಂಚಲಿನ ಕಾಳು ಬಿಡಿಸುವ ಥಿನ್ನಿಂಗಿನಲ್ಲಿ, ಮಣೂಕ ಆರಿಸುವಲ್ಲಿ ಹೆಂಗಸರ ಕೈ ಚಳಕ ಬೇರೆ ಯಾರಿಗೂ ಬರುವುದಿಲ್ಲ. ಹಾಗಾಗಿ ಈ ಹೆಸರಿನ ಪಾಲು ನಮಗೂ ಇದೆ. ಬೆಳೆಗಾರರ ಸಂಘ ಅಂತ ಮಾಡುವಾಗ ಪಹಣಿ ಇದ್ದವರನ್ನಷ್ಟೇ ಸೇರಿಸಿದರೆ ಅದು ಅರ್ಧ ಕಥೆ.

ಗುಮ್ಮಟನಗರಿ

ಭೇಷ್ ತಂಗಿ. ಇಡೀ ಚರ್ಚೆಯಲ್ಲಿ ಇಷ್ಟು ಚೆನ್ನಾಗಿ ಮಣೂಕ ಆಗುವ ಬಗೆ ಯಾರೂ ಹೇಳಿರಲಿಲ್ಲ.

ನಂದಿತಪ್ಪಲು

ಚಿಕ್ಕಬಳ್ಳಾಪುರದಿಂದ ಬರೆಯುತ್ತಿದ್ದೇನೆ. ನಮ್ಮ ಕಡೆಯೂ ದ್ರಾಕ್ಷಿಯ ನಾಡೇ. ಬೆಂಗಳೂರು ನೀಲಿ, ದಿಲ್‌ಖುಷ್. ನೀಲಿ ದ್ರಾಕ್ಷಿಗೆ 2013ರಲ್ಲಿ ಜಿಐ ಬಂತು. ಬೆಂಗಳೂರಿನ ಸುತ್ತ ಮತ್ತು ಚಿಕ್ಕಬಳ್ಳಾಪುರ, ಕೋಲಾರ ಭಾಗದಲ್ಲಿ ಮಾತ್ರ ಈ ಪ್ರಮಾಣದಲ್ಲಿ ಬೆಳೆಯುವುದು. ನಿಮ್ಮ ಹಾಗೆ ವರ್ಷಕ್ಕೆ ಒಂದೇ ಬೆಳೆ ಅಲ್ಲ, ಎರಡು ಬೆಳೆ ತೆಗೆಯುತ್ತೇವೆ. ಬೀಜ ಇರುತ್ತದೆ, ಸಿಪ್ಪೆ ದಪ್ಪ, ವಾಸನೆ ಘಮ್ ಅನ್ನುತ್ತೆ. ಜ್ಯೂಸಿಗೆ, ವೈನಿಗೆ ಹೋಗುತ್ತದೆ.

ನೇರವಾಗಿ ಹೇಳಬೇಕೆಂದರೆ, ಸರ್ಟಿಫಿಕೇಟ್ ಬಂದ ಮಾರನೆಯ ದಿನ ರೇಟು ಏರುತ್ತೆ ಅಂತ ಕಾಯಬೇಡಿ. ನಮ್ಮ ಊರಿನ ಎಷ್ಟೋ ಬೆಳೆಗಾರರಿಗೆ ಜಿಐ ಬಂದಿರುವ ವಿಷಯವೇ ಗೊತ್ತಿಲ್ಲ. ಬೋರ್‌ವೆಲ್ ಸಾವಿರ ಅಡಿ ದಾಟಿದೆ. ತೋಟ ಕಿತ್ತು ಲೇಔಟ್ ಮಾಡುವವರು ಹೆಚ್ಚುತ್ತಿದ್ದಾರೆ. ಹೆಸರಿದ್ದು ತೋಟ ಇಲ್ಲದಿದ್ದರೆ ಏನು ಪ್ರಯೋಜನ? ನೀವು ಅರ್ಜಿ ಹಾಕುವುದಾದರೆ ಅದರ ಜೊತೆಗೇ ಯಾರು ಆ ಗುರುತು ಬಳಸಬೇಕು, ಯಾರು ತಪಾಸಣೆ ಮಾಡಬೇಕು, ಪೆಟ್ಟಿಗೆ ಎಲ್ಲಿ ತುಂಬಬೇಕು ಅನ್ನುವುದನ್ನು ಮೊದಲೇ ಗಟ್ಟಿ ಮಾಡಿಕೊಳ್ಳಿ.

ಲಿಂಬೆತೋಟ_ಇಂಡಿ

ನಮ್ಮ ಅನುಭವವೂ ಸ್ವಲ್ಪ ಹಾಗೇ. ಆದರೆ ಒಂದು ಫರಕು ಆಗಿದೆ. ಮೊದಲು ಹೊರಗಿನ ವ್ಯಾಪಾರಿ "ಬಿಜಾಪುರ ಲಿಂಬೆ" ಅಂತಲೋ ಬರೀ ಲಿಂಬೆ ಅಂತಲೋ ಕೇಳುತ್ತಿದ್ದ. ಈಗ ಇಂಡಿ ಅಂತ ಕೇಳುತ್ತಾನೆ. ರಸ ಜಾಸ್ತಿ, ಹುಳಿ ಗಟ್ಟಿ ಅನ್ನುವುದು ದಾಖಲೆಯಲ್ಲಿ ಬಂದಿದೆ. ರೇಟು ಬಿದ್ದ ದಿನ ಬಿದ್ದೇ ಬೀಳುತ್ತದೆ, ಅದನ್ನು ಯಾವ ಟ್ಯಾಗೂ ತಡೆಯುವುದಿಲ್ಲ. ಆದರೂ ಮಗ ಕಾಲೇಜಿನಲ್ಲಿ ತನ್ನ ಊರು ಇಂಡಿ ಅಂದಾಗ "ಓ, ಲಿಂಬೆಯ ಇಂಡಿನಾ?" ಅಂದರಂತೆ. ಮೊದಲು ಕೇಳುತ್ತಿದ್ದದ್ದು "ಅಲ್ಲಿ ಕುಡಿಯಲು ನೀರು ಸಿಗುತ್ತಾ?" ಅಂತ. ಈ ಬದಲಾವಣೆಗೂ ಬೆಲೆ ಇದೆ ಅಂತ ನಾನು ನಂಬುತ್ತೇನೆ.

ದಾಳಿಂಬೆ ನೆನಪಿದೆಯಾ? ನಮ್ಮ ಜಿಲ್ಲೆ, ಬಾಗಲಕೋಟೆ, ಕೊಪ್ಪಳದಲ್ಲೆಲ್ಲ ಒಂದು ಕಾಲಕ್ಕೆ ದಾಳಿಂಬೆಯೇ ದಾಳಿಂಬೆ. ದುಂಡಾಣು ಅಂಗಮಾರಿ ಬಂದು ತೋಟಕ್ಕೆ ತೋಟವೇ ಕಿತ್ತುಹಾಕಿದರು. ಒಂದೇ ಬೆಳೆಗೆ ಊರಿನ ಹೆಸರು ಕಟ್ಟುವಾಗ ಆ ಭಯ ನನಗೆ ಯಾವಾಗಲೂ ಇರುತ್ತದೆ.

ತೋಟಗಾರಿಕೆ_ನಿವೃತ್ತ

ಜಿಐ ಬಗ್ಗೆ ಕೆಲವರು ನನಗೆ ಖಾಸಗಿಯಾಗಿ ಕೇಳಿದ್ದರು, ಇಲ್ಲೇ ಬರೆಯುತ್ತೇನೆ. 1999ರ ಕಾಯ್ದೆ, 2003ರಿಂದ ಜಾರಿಯಲ್ಲಿದೆ. ನೋಂದಣಿ ಕಚೇರಿ ಚೆನ್ನೈನಲ್ಲಿದೆ. ಒಬ್ಬ ರೈತ ತನ್ನ ಹೆಸರಿಗೆ ಪಡೆಯುವಂತಿಲ್ಲ. ಬೆಳೆಗಾರರ ಸಂಘ, ಸಂಸ್ಥೆ ಅಥವಾ ಸರ್ಕಾರಿ ನಿಗಮ ಅರ್ಜಿ ಹಾಕಬೇಕು. ಒಮ್ಮೆ ಸಿಕ್ಕರೆ 10 ವರ್ಷ, ಆಮೇಲೆ ನವೀಕರಣ. ಎಲ್ಲಕ್ಕಿಂತ ಮುಖ್ಯವಾದದ್ದು, ಈ ನೆಲ ಮತ್ತು ಈ ಗಾಳಿಯಿಂದಲೇ ಈ ಗುಣ ಬಂದಿದೆ ಅಂತ ತೋರಿಸಬೇಕು. ಸಾಂಗ್ಲಿಯದಕ್ಕಿಂತ ನಮ್ಮದು ಹೇಗೆ ಬೇರೆ ಅನ್ನುವುದು ಮೊದಲ ಪ್ರಶ್ನೆಯಾಗಿ ಬರುತ್ತದೆ. "ನಮ್ಮದು ಸಿಹಿ" ಅಂದರೆ ಸಾಲದು. ಬ್ರಿಕ್ಸ್ (ಹಣ್ಣಿನ ಸಿಹಿಯ ಅಳತೆ) ಎಷ್ಟು ಬಂದಾಗ ಕೊಯ್ದದ್ದು, ಎಷ್ಟು ದಿನದಲ್ಲಿ ಒಣಗಿತು, ಒಣಗಿದ ಮೇಲೆ ತೇವಾಂಶ ಎಷ್ಟು, ಇವೆಲ್ಲ ವರ್ಷಗಳ ದಾಖಲೆ ಬೇಕು. ಒಳ್ಳೆಯ ಮಣೂಕಕ್ಕೆ ಹಣ್ಣು 22 ಬ್ರಿಕ್ಸ್ ಆದರೂ ದಾಟಿರಬೇಕು. ಅವಸರಕ್ಕೆ 18ರಲ್ಲೇ ಕೊಯ್ದು ಅದ್ದಿದರೆ ಮಣೂಕ ತೆಳ್ಳಗೆ, ಹುಳಿ. ಅಂಥ ಮಾಲಿಗೂ ವಿಜಯಪುರ ಅಂತ ಚೀಟಿ ಹಚ್ಚಿದರೆ ನಾವೇ ನಮ್ಮ ಹೆಸರು ಕೆಡಿಸಿದ ಹಾಗೆ.

ಇನ್ನೊಂದು ಹಳೆಯ ಪಾಠ. 2010ರಲ್ಲಿ ಯುರೋಪಿಗೆ ಹೋದ ಭಾರತದ ದ್ರಾಕ್ಷಿಯಲ್ಲಿ ಕ್ಲೋರ್ಮೆಕ್ವಾಟ್ ಶೇಷ ಸಿಕ್ಕು ಕಂಟೇನರುಗಳು ಅಲ್ಲೇ ನಿಂತವು. ಏಪ್ರಿಲ್ ಚಾಟ್ನಿಯ ನಂತರ ಕಡ್ಡಿ ಬೆಳವಣಿಗೆ ತಡೆಯಲು ಹೊಡೆಯುವ ಔಷಧ ಅದು. ಹಣ್ಣಿಗೆ ಹೊಡೆದದ್ದಲ್ಲ, ತಿಂಗಳುಗಳ ಮೊದಲು ಬಳ್ಳಿಗೆ ಹೊಡೆದದ್ದು. ಆದರೂ ಹಣ್ಣಿನಲ್ಲಿ ಸಿಕ್ಕಿತು. ಯಾವ ದಿನ ಏನು ಹೊಡೆದಿರಿ ಅಂತ ಬರೆದಿಟ್ಟವರು ಬಚಾವಾದರು. ಹಾಗಾಗಿ ಡೈರಿ ಬರೆಯುವ ರೂಢಿಯೇ ನಿಮ್ಮ ಅರ್ಜಿಯ ಬುನಾದಿ.

ಹಾಗೇ @ಶೆಡ್ಡಿನಮನೆ ಹೇಳಿದ್ದು ಕಾನೂನಿನ ದೃಷ್ಟಿಯಿಂದಲೂ ಮುಖ್ಯ. ಅರ್ಜಿಯಲ್ಲಿ ತಯಾರಿಸುವ ವಿಧಾನವನ್ನು ಹಂತ ಹಂತವಾಗಿ ಬರೆಯಬೇಕು. ಆ ವಿಧಾನ ಗೊತ್ತಿರುವುದು ಶೆಡ್ಡಿನಲ್ಲಿ ಕೆಲಸ ಮಾಡಿದವರಿಗೆ.

ಎರೆಹೊಲ

ಇದು ಸರಿ ಹೋಯಿತು. ಸಂಘ ಮಾಡುವುದಾದರೆ ನೀರಿನ ಲೆಕ್ಕವನ್ನೂ ಡೈರಿಯಲ್ಲಿ ಬರೆಯಿರಿ. ಯಾವ ತೋಟ ಎಷ್ಟು ನೀರು ಕುಡಿಯಿತು ಅಂತ ಗೊತ್ತಾದರೆ ನನ್ನಂಥವರ ತಕರಾರು ಕಡಿಮೆ ಆಗುತ್ತದೆ.

ಮಡ್ಡಿಹೊಲ

ಎಲ್ಲರಿಗೂ ಧನ್ಯವಾದ. ನೀರಿನ ಲೆಕ್ಕವನ್ನೂ ಬರೆಯೋಣ, ಒಪ್ಪಿದೆ. ಶೆಡ್ಡಿನ ಕೆಲಸದವರನ್ನು ಸದಸ್ಯರಾಗಿ ಸೇರಿಸುವ ಬಗ್ಗೆ ನಮ್ಮ ಊರಿನ ಹತ್ತಾರು ಬೆಳೆಗಾರರ ಹತ್ತಿರ ಮಾತಾಡುತ್ತೇನೆ. ಕೆಲವರು ಕೂಡಲೇ ಒಪ್ಪಲಿಕ್ಕಿಲ್ಲ, ಆದರೂ ಬಿಡುವುದಿಲ್ಲ. @ಶೆಡ್ಡಿನಮನೆ, ಅದ್ದುವುದರಿಂದ ಹಿಡಿದು ಆರಿಸುವ ತನಕ ಎಲ್ಲವನ್ನೂ ನಿಮ್ಮವ್ವನ ಬಾಯಿಂದ ಕೇಳಿ ಬರೆದು ಕೊಡುತ್ತೀರಾ?

ಮತ್ತೊಂದು ಕೇಳಿಕೆ. 1980, 90ರ ದಶಕದಲ್ಲಿ ಮೊದಲು ತೋಟ ಹಚ್ಚಿದವರ ಮನೆಯವರು ಇಲ್ಲಿದ್ದರೆ ಹೇಳಿ. ಹಳೆಯ ಚಾಟ್ನಿ ಡೈರಿ, ಅಡತ್ (ದಲ್ಲಾಳಿ) ಅಂಗಡಿಯ ಪಾವತಿ, ಸಸಿ ತಂದ ರಸೀದಿ, ಏನಿದ್ದರೂ ಸರಿ. ಹರಿದಿದ್ದರೂ ಪರವಾಗಿಲ್ಲ, ಫೋಟೊ ತೆಗೆದು ಹಾಕಿ. ಯಾವ ಊರು, ಯಾವ ವರ್ಷ, ಎಷ್ಟು ಎಕರೆ ಅನ್ನುವುದನ್ನು ಮಾತ್ರ ಬರೆಯಿರಿ, ಸಾಲದ ವಿವರ ಬೇಡ. ಕೊಲ್ಹಾರದವರು ಮುಳುಗಡೆಯ ಹೊಲಗಳ ವಿಷಯ ಬರೆದು ಕಳಿಸಿದರೆ ಅದನ್ನೂ ಇದರ ಜೊತೆಗೇ ಇಡೋಣ.

ಶೆಡ್ಡಿನಮನೆ

ಕೊಡುತ್ತೇನೆ ಕಾಕಾ. ಅವ್ವ ಈಗ ಆರಿಸುವ ಕೆಲಸದಲ್ಲಿದ್ದಾಳೆ, ಏಪ್ರಿಲ್ ಚಾಟ್ನಿ ಶುರುವಾಗುವ ಮೊದಲು ನಾಲ್ಕು ದಿನ ಬಿಡುವು ಸಿಗುತ್ತದೆ. ಆಗ ಕೂತು ಬರೆಯುತ್ತೇವೆ. ಕೈಗವಸಿನ ಮಾತನ್ನು ಮಾತ್ರ ಆ ವಿಧಾನದಲ್ಲೇ ಸೇರಿಸಬೇಕು.